ಜಮೀನಿಗೆ ಕೆಐಎಡಿಬಿ ನೋಟಿಸ್ ಬಂದರೆ: ಮೊದಲ ಮೂವತ್ತು ದಿನದಿಂದ ಪರಿಹಾರದ ಹಣದವರೆಗೆ

ದೇವನಹಳ್ಳಿ ತಾಲ್ಲೂಕು ಚನ್ನರಾಯಪಟ್ಟಣ ಹೋಬಳಿಯ 13 ಹಳ್ಳಿಗಳ 1,777 ಎಕರೆ ಭೂಮಿಯನ್ನು ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಗಾಗಿ (ಕೆಐಎಡಿಬಿ) ಸ್ವಾಧೀನ ಮಾಡುವುದನ್ನು ಕೈಬಿಡುವುದಾಗಿ ಮುಖ್ಯಮಂತ್ರಿ ಸಿದ್ದರಾಮಯ್ಯ 2025ರ ಜುಲೈ 15ರಂದು ಘೋಷಿಸಿದರು. ಅದಕ್ಕೆ ಮೊದಲು ಅಲ್ಲಿನ ರೈತರು ಮೂರು ವರ್ಷಕ್ಕೂ ಮೇಲ್ಪಟ್ಟು ಧರಣಿ ಕೂತಿದ್ದರು. ಅಷ್ಟು ದಿನ ಒಗ್ಗಟ್ಟು ಕೆಡದಂತೆ ಕೂರುವ ಶಕ್ತಿ ಎಲ್ಲ ಊರುಗಳಿಗೂ ಇರುವುದಿಲ್ಲ. ಹೆಚ್ಚಿನ ಕಡೆ ಆಗುವುದೇ ಬೇರೆ. ನೋಟಿಸ್ ಬರುತ್ತದೆ, ಅದು ತೀರಿಹೋದ ತಾತನ ಹೆಸರಿನಲ್ಲಿರುತ್ತದೆ. ‘ಎಲ್ಲರಿಗೂ ಆದದ್ದು ನಮಗೂ ಆಗುತ್ತದೆ’ ಎಂದು ಮಡಿಸಿ ಟ್ರಂಕಿನಲ್ಲಿ ಇಡುತ್ತಾರೆ. ಎರಡು ವರ್ಷದ ನಂತರ ಜೆಸಿಬಿ ಬಂದಾಗ ವಕೀಲರನ್ನು ಹುಡುಕುತ್ತಾರೆ.

ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆ, 1966ರ ಸ್ವಭಾವ ಗೊತ್ತಿದ್ದವರು ಹಾಗೆ ಕಾಯುವುದಿಲ್ಲ. ಈ ಕಾಯ್ದೆಯಲ್ಲಿ ಜಮೀನಿನ ಮಾಲೀಕನ ಮಾತಿಗೆ ಬೆಲೆ ಇರುವುದು ಪ್ರಾಥಮಿಕ ಅಧಿಸೂಚನೆಗೂ ಅಂತಿಮ ಅಧಿಸೂಚನೆಗೂ ನಡುವಿನ ಅವಧಿಯಲ್ಲಿ. ಅದರಲ್ಲೂ ನಿಮ್ಮ ಕೈಯಲ್ಲಿ ಖಚಿತವಾಗಿ ಇರುವುದು ಮೂವತ್ತು ದಿನ. ಮುಂದೆ ಹೈಕೋರ್ಟಿಗೆ ಹೋದರೂ, ಪರಿಹಾರ ಹೆಚ್ಚಿಸಿ ಎಂದು ಕೇಳಿದರೂ, ಆ ಮೂವತ್ತು ದಿನದಲ್ಲಿ ನೀವು ಕಾಗದದ ಮೇಲೆ ಏನು ಇಟ್ಟಿದ್ದಿರಿ ಎಂಬುದನ್ನೇ ಎಲ್ಲರೂ ಕೇಳುತ್ತಾರೆ.

ಮೊದಲು ನೋಡಬೇಕಾದದ್ದು: ನೋಟಿಸ್ ಯಾವ ಕಾಯ್ದೆಯದು

ಎಲ್ಲ ಸ್ವಾಧೀನಕ್ಕೂ ಒಂದೇ ಕಾನೂನು ಇಲ್ಲ. ನೋಟಿಸಿನ ತಲೆಬರಹದಲ್ಲೇ ಕಾಯ್ದೆ ಮತ್ತು ಕಲಂ ಬರೆದಿರುತ್ತದೆ. ರಾಷ್ಟ್ರೀಯ ಹೆದ್ದಾರಿ ಕಾಯ್ದೆ, 1956ರಡಿ ಆಗಿದ್ದರೆ ಅಧಿಸೂಚನೆ ಪ್ರಕಟವಾದ ದಿನದಿಂದ 21 ದಿನದೊಳಗೆ ಆಕ್ಷೇಪಣೆ ಕೊಡಬೇಕು. ಕೇಂದ್ರದ 2013ರ ಭೂಸ್ವಾಧೀನ ಕಾಯ್ದೆಯಡಿ ಆಗಿದ್ದರೆ 60 ದಿನ. ಕೆಐಎಡಿಬಿಗಾಗಿ ಕಲಂ 28(2)ರಡಿ ಬಂದಿದ್ದರೆ ನೋಟಿಸ್ ನಿಮ್ಮ ಕೈಸೇರಿದ ದಿನದಿಂದ 30 ದಿನ.

ಇಲ್ಲೇ ಒಂದು ತಪ್ಪು ತಿಳಿವಳಿಕೆಯನ್ನು ಬಿಡಬೇಕು. ‘ಶೇ 80ರಷ್ಟು ರೈತರು ಒಪ್ಪದೆ ಭೂಮಿ ತೆಗೆದುಕೊಳ್ಳುವಂತಿಲ್ಲ’ ಎಂಬ ಮಾತು ಹಳ್ಳಿಹಳ್ಳಿಯಲ್ಲಿ ಓಡಾಡುತ್ತದೆ. ಆ ನಿಯಮ ಇರುವುದು 2013ರ ಕಾಯ್ದೆಯಲ್ಲಿ. ಅಲ್ಲೂ ಅದು ಖಾಸಗಿ ಕಂಪನಿಗಳಿಗಾಗಿ ಸ್ವಾಧೀನ ಮಾಡುವಾಗ ಮಾತ್ರ. ಸರ್ಕಾರಿ–ಖಾಸಗಿ ಸಹಭಾಗಿತ್ವದ ಯೋಜನೆಗಳಿಗೆ ಶೇ 70. ಸಾಮಾಜಿಕ ಪರಿಣಾಮದ ಅಧ್ಯಯನ, ಬಹುಬೆಳೆಯ ನೀರಾವರಿ ಭೂಮಿಗೆ ರಕ್ಷಣೆ ಎಲ್ಲವೂ ಅದೇ ಕಾಯ್ದೆಯವು. 1966ರ ನಮ್ಮ ರಾಜ್ಯದ ಕಾಯ್ದೆಯಲ್ಲಿ ಒಪ್ಪಿಗೆಯ ಶರತ್ತೂ ಇಲ್ಲ, ಅಧ್ಯಯನವೂ ಇಲ್ಲ. ಕೈಗಾರಿಕೆಗೆ ಭೂಮಿ ಬೇಕಾದಾಗ ಸರ್ಕಾರ ಈ ದಾರಿಯನ್ನೇ ಹಿಡಿಯುವುದಕ್ಕೆ ಇದೂ ಒಂದು ಕಾರಣ. ಇದು ಅನ್ಯಾಯ ಎಂದು ವಾದಿಸಬಹುದು, ವಾದಿಸಬೇಕು ಕೂಡ. ಆದರೆ ‘ನಾವು ಒಪ್ಪಿಲ್ಲವಲ್ಲ’ ಎಂಬ ಒಂದೇ ಮಾತನ್ನು ನಂಬಿ ಗಡುವು ಕಳೆದುಕೊಳ್ಳಬೇಡಿ.

28ನೇ ಕಲಮಿನ ಮೆಟ್ಟಿಲುಗಳು

ಸಾಮಾನ್ಯವಾಗಿ ಮೂರು ಅಧಿಸೂಚನೆಗಳು ಒಟ್ಟಿಗೇ ರಾಜ್ಯಪತ್ರದಲ್ಲಿ ಬರುತ್ತವೆ. ಕಲಂ 3(1)ರಡಿ ಆ ಪ್ರದೇಶವನ್ನು ಕೈಗಾರಿಕಾ ಪ್ರದೇಶ ಎಂದು ಘೋಷಿಸುವುದು, ಕಲಂ 1(3)ರಡಿ ಕಾಯ್ದೆಯ 7ನೇ ಅಧ್ಯಾಯವನ್ನು ಅಲ್ಲಿಗೆ ಅನ್ವಯಿಸುವುದು, ಕಲಂ 28(1)ರಡಿ ಭೂಮಿ ತೆಗೆದುಕೊಳ್ಳುವ ಉದ್ದೇಶ ತಿಳಿಸುವುದು. ಊರಿನವರು ‘ಪ್ರಾಥಮಿಕ ಅಧಿಸೂಚನೆ’ ಎನ್ನುವುದು ಈ ಕೊನೆಯದಕ್ಕೆ.

ನಂತರ 28(2)ರ ನೋಟಿಸ್. ಅದು ಮಾಲೀಕರಿಗೆ, ಅನುಭವದಲ್ಲಿ ಇರುವವರಿಗೆ, ಜಮೀನಿನಲ್ಲಿ ಹಿತಾಸಕ್ತಿ ಇರುವ ಎಲ್ಲರಿಗೂ ಹೋಗಬೇಕು. 28(3)ರಲ್ಲಿ ಆಕ್ಷೇಪಣೆಯ ವಿಚಾರಣೆ ಮತ್ತು ಆದೇಶ. 28(4)ರಲ್ಲಿ ಅಂತಿಮ ಅಧಿಸೂಚನೆ. ಅದು ರಾಜ್ಯಪತ್ರದಲ್ಲಿ ಪ್ರಕಟವಾದ ಕ್ಷಣವೇ 28(5)ರ ಪ್ರಕಾರ ಜಮೀನು ಎಲ್ಲ ಋಣಭಾರಗಳಿಂದ ಮುಕ್ತವಾಗಿ ಸರ್ಕಾರಕ್ಕೆ ಸೇರುತ್ತದೆ. 28(6)ರಲ್ಲಿ ‘30 ದಿನದೊಳಗೆ ಬಿಟ್ಟುಕೊಡಿ’ ಎಂಬ ನೋಟಿಸ್, ಕೊಡದಿದ್ದರೆ 28(7)ರಲ್ಲಿ ಬಲವಂತದ ಸ್ವಾಧೀನ, 28(8)ರಲ್ಲಿ ಮಂಡಳಿಗೆ ಹಸ್ತಾಂತರ.

28(5) ಎಷ್ಟು ಕಠಿಣ ಎಂಬುದನ್ನು ಅರ್ಥ ಮಾಡಿಕೊಳ್ಳಿ. ಕೇಂದ್ರದ ಹಳೆಯ 1894ರ ಭೂಸ್ವಾಧೀನ ಕಾಯ್ದೆಯಲ್ಲಿ ಪರಿಹಾರದ ಐತೀರ್ಪು (ಪರಿಹಾರ ಇಷ್ಟು ಎಂದು ಅಧಿಕಾರಿ ಕೊಡುವ ತೀರ್ಮಾನ) ಆಗಿ, ಸ್ವಾಧೀನ ತೆಗೆದುಕೊಂಡ ಮೇಲೆ ಮಾಲೀಕತ್ವ ಹೋಗುತ್ತಿತ್ತು. ಇಲ್ಲಿ ಒಂದು ರೂಪಾಯಿ ಕೊಡುವ ಮೊದಲೇ ಮಾಲೀಕತ್ವ ಹೋಗುತ್ತದೆ. ನೀವು ಉಳುತ್ತಲೇ ಇರುತ್ತೀರಿ, ರಾಗಿ ಕೊಯ್ಯುತ್ತಲೇ ಇರುತ್ತೀರಿ, ಆದರೆ ಕಾನೂನಿನ ಕಣ್ಣಿನಲ್ಲಿ ಅದು ಆಗಲೇ ಸರ್ಕಾರದ ಜಮೀನು. 28(1)ರಿಂದ 28(4)ಕ್ಕೆ ಇಷ್ಟೇ ದಿನದಲ್ಲಿ ಹೋಗಬೇಕೆಂಬ ಗಡುವೂ ಈ ಕಾಯ್ದೆಯಲ್ಲಿಲ್ಲ. ಎರಡು ವರ್ಷದಲ್ಲಿ ಐತೀರ್ಪು ಆಗದಿದ್ದರೆ ಪ್ರಕ್ರಿಯೆ ರದ್ದಾಗುತ್ತದೆ ಎಂಬ 1894ರ ಕಾಯ್ದೆಯ 11-ಎ ಕಲಂ ಕೆಐಎಡಿಬಿ ಸ್ವಾಧೀನಕ್ಕೆ ಅನ್ವಯಿಸದು ಎಂದು ಸುಪ್ರೀಂ ಕೋರ್ಟ್ 2011ರಲ್ಲಿ ಹೇಳಿದೆ. ಹಾಗಾಗಿ ‘ಐದು ವರ್ಷ ಆಯ್ತು, ತಾನಾಗೇ ಬಿದ್ದುಹೋಗಿದೆ’ ಎಂದು ನಂಬಿ ಕೂರಬೇಡಿ.

ಮೊದಲ ವಾರ: ದಾಖಲೆ ಕೂಡಿಸುವುದು

ನೋಟಿಸ್ ತಂದವರು ಸಹಿ ಕೇಳಿದರೆ ಮಾಡಿ, ಆದರೆ ಪಕ್ಕದಲ್ಲಿ ನಿಮ್ಮ ಕೈಯಲ್ಲೇ ದಿನಾಂಕ ಬರೆಯಿರಿ. ಅಂಚೆಯಲ್ಲಿ ಬಂದಿದ್ದರೆ ಲಕೋಟೆ ಎಸೆಯಬೇಡಿ, ಮೊಹರಿನ ದಿನಾಂಕವೇ ನಿಮ್ಮ ಸಾಕ್ಷಿ. ತೆಗೆದುಕೊಳ್ಳುವುದಿಲ್ಲ ಎಂದು ಹಿಂದೆ ಕಳಿಸುವುದರಿಂದ ಏನೂ ಸಿಗದು. ಬಾಗಿಲಿಗೆ ಅಂಟಿಸಿ ಮಹಜರು ಬರೆದುಕೊಂಡು ‘ಜಾರಿಯಾಗಿದೆ’ ಎನ್ನುತ್ತಾರೆ, ನಿಮಗೆ ದಿನಗಳು ಮಾತ್ರ ನಷ್ಟ.

ಆಮೇಲೆ ಈ ಕಾಗದಗಳನ್ನು ತೆಗೆಸಿ. ಚಾಲ್ತಿ ವರ್ಷದ ಪಹಣಿ ಮತ್ತು ಸಾಧ್ಯವಾದಷ್ಟು ಹಿಂದಿನ ವರ್ಷಗಳ ಪಹಣಿ. ಮ್ಯುಟೇಶನ್ ಪ್ರತಿಗಳು. ಆಕಾರಬಂದ್, ಟಿಪ್ಪಣಿ, ಗ್ರಾಮ ನಕ್ಷೆ. ಪೋಡಿ ಆಗಿದ್ದರೆ ಅದರ ನಕ್ಷೆ. ಕ್ರಯಪತ್ರ, ವಿಭಾಗಪತ್ರ ಅಥವಾ ಮಂಜೂರಾತಿ ಆದೇಶ, ಸಾಗುವಳಿ ಚೀಟಿ. ಉಪನೋಂದಣಿ ಕಚೇರಿಯಿಂದ ಋಣಭಾರ ಪತ್ರ. ನಾಡಕಚೇರಿಯಿಂದ ವಂಶವೃಕ್ಷ. ಜೊತೆಗೆ ರಾಜ್ಯಪತ್ರದ ಪ್ರತಿ. ನೋಟಿಸಿನಲ್ಲಿರುವ ಸರ್ವೆ ನಂಬರ್, ಹಿಸ್ಸಾ, ವಿಸ್ತೀರ್ಣ, ಚೆಕ್ಕುಬಂದಿ ರಾಜ್ಯಪತ್ರಕ್ಕೂ ಪಹಣಿಗೂ ಹೊಂದುತ್ತದೆಯೇ ಎಂದು ಸಾಲುಸಾಲಾಗಿ ನೋಡಿ. ಒಂದು ಗುಂಟೆ ಎಂದರೆ 1,089 ಚದರ ಅಡಿ. ನೋಟಿಸಿನಲ್ಲಿ ನಾಲ್ಕು ಗುಂಟೆ ಬಿಟ್ಟುಹೋದರೆ ಮುಂದೆ ಅಷ್ಟರ ಪರಿಹಾರವೂ ಬಿಟ್ಟುಹೋಗುತ್ತದೆ.

ಪಹಣಿಯಲ್ಲಿ ಮೂರು ಕಡೆ ಕಣ್ಣಿಡಬೇಕು (ಇಲ್ಲಿ ಕಲಂ ಎಂದರೆ ಪಹಣಿಯ ಕಾಲಂ, ಕಾಯ್ದೆಯದಲ್ಲ). ಕಲಂ 3ರಲ್ಲಿ ಖರಾಬು: ‘ಎ’ ಖರಾಬು ಎಂದರೆ ಹಿಡುವಳಿಯೊಳಗಿನ ಸಾಗುವಳಿಗೆ ಬಾರದ ನೆಲ, ‘ಬಿ’ ಖರಾಬು ಎಂದರೆ ದಾರಿ, ಹಳ್ಳ, ಕಾಲುವೆಯಂಥ ಸಾರ್ವಜನಿಕ ನೆಲ. ‘ಬಿ’ಗೆ ನಿಮಗೆ ಹಣ ಬರುವುದಿಲ್ಲ, ಆದ್ದರಿಂದ ‘ಎ’ಯನ್ನು ತಪ್ಪಾಗಿ ‘ಬಿ’ ಎಂದು ಬರೆದಿದ್ದರೆ ಈಗಲೇ ತಕರಾರು ಎತ್ತಿ. ಕಲಂ 9ರಲ್ಲಿ ಯಾರ ಹೆಸರು ಇದೆ ನೋಡಿ. ತೀರಿಹೋದವರ ಹೆಸರಿದ್ದರೆ ಇವತ್ತೇ ಪೌತಿ ಖಾತೆಗೆ, ಅಂದರೆ ವಾರಸುದಾರರ ಹೆಸರಿಗೆ ಖಾತೆ ಬದಲಿಸಲು, ಅರ್ಜಿ ಹಾಕಿ, ಏಕೆಂದರೆ ಮುಂದಿನ ಎಲ್ಲ ನೋಟಿಸ್‌ಗಳೂ ಆ ಹೆಸರಿಗೇ ಬರುತ್ತವೆ. ಪೌತಿ ಖಾತೆ ಆಗುವವರೆಗೆ ಕಾಯಬೇಡಿ. ‘ನಾವು ವಾರಸುದಾರರು, ಇನ್ನು ಮುಂದೆ ನೋಟಿಸ್‌ಗಳನ್ನು ಈ ವಿಳಾಸಕ್ಕೆ ಕಳಿಸಿ’ ಎಂಬ ಮನವಿಯನ್ನು ವಿಶೇಷ ಭೂಸ್ವಾಧೀನಾಧಿಕಾರಿಯ ಕಚೇರಿಗೆ ಕೊಟ್ಟು ಮೊಹರು ಹಾಕಿಸಿಕೊಳ್ಳಿ. ಕಲಂ 11ರಲ್ಲಿ ಸಾಲ, ತಡೆಯಾಜ್ಞೆ, ಸ್ವಾಧೀನದ ನಮೂದು ಇರುತ್ತದೆ. ಪ್ರಾಥಮಿಕ ಅಧಿಸೂಚನೆಯ ನಮೂದು ಇಲ್ಲಿ ಬಿದ್ದ ಮೇಲೆ ಬ್ಯಾಂಕಿನವರು ಸಾಲ ಕೊಡಲು ಹಿಂಜರಿಯುತ್ತಾರೆ, ಮಾರಾಟವೂ ಕಷ್ಟ. ಆಗ ‘ನಾವೇ ಕೊಂಡುಕೊಳ್ಳುತ್ತೇವೆ’ ಎಂದು ಮಧ್ಯವರ್ತಿಗಳು ಕಡಿಮೆ ಬೆಲೆಗೆ ಜಿಪಿಎ (ಸಾಮಾನ್ಯ ಅಧಿಕಾರ ಪತ್ರ) ಬರೆಸಿಕೊಳ್ಳಲು ಬರುತ್ತಾರೆ. ಅಧಿಸೂಚನೆಯ ನಂತರ ಕೊಂಡವರಿಗೆ ಸ್ವಾಧೀನವನ್ನು ಪ್ರಶ್ನಿಸುವ ಹಕ್ಕಿಲ್ಲ, ಪರಿಹಾರ ಕೇಳಬಹುದಷ್ಟೇ. ಅವರಿಗೆ ಬೇಕಾಗಿರುವುದೂ ಅದೇ. ಆ ಜಿಪಿಎಗೆ ಸಹಿ ಹಾಕಬೇಡಿ.

ಬಗರ್ ಹುಕುಂ ಸಾಗುವಳಿದಾರರ, ಅಂದರೆ ಮಂಜೂರಾತಿ ಇಲ್ಲದೆ ಸರ್ಕಾರಿ ಜಮೀನು ಉಳುತ್ತಿರುವವರ, ಸ್ಥಿತಿ ಎಲ್ಲರಿಗಿಂತ ನಾಜೂಕು. ನಮೂನೆ 50, 53 ಅಥವಾ 57ರ ಅರ್ಜಿ ಬಾಕಿ ಇದ್ದು, ಪಹಣಿಯಲ್ಲಿ ‘ಸರ್ಕಾರಿ’ ಎಂದೇ ಇದ್ದರೆ, ಸರ್ಕಾರ ತನ್ನದೇ ಭೂಮಿಯನ್ನು ಮಂಡಳಿಗೆ ಕೊಡಬಲ್ಲದು. ನಲವತ್ತು ವರ್ಷ ಉತ್ತಿದ್ದರೂ ನೋಟಿಸ್ ಕೂಡ ಬರದಿರಬಹುದು. ಅಂಥವರು ಅರ್ಜಿಯ ಸ್ವೀಕೃತಿ, ದಂಡ ಕಟ್ಟಿದ ರಸೀದಿ, ಹಳೆಯ ಪಹಣಿಯ ಸಾಗುವಳಿ ಕಲಮಿನ ನಮೂದು ಇಟ್ಟುಕೊಂಡು, ತಾವೇ ಮುಂದಾಗಿ ಹಿತಾಸಕ್ತಿ ಇರುವವರೆಂದು ಆಕ್ಷೇಪಣೆ ಸಲ್ಲಿಸಬೇಕು. ಮಂಜೂರಾತಿ ಅರ್ಜಿಯನ್ನು ಮೊದಲು ತೀರ್ಮಾನಿಸಿ ಎಂದು ತಹಶೀಲ್ದಾರರಿಗೂ ಬೇರೆಯಾಗಿ ಬರೆಯಬೇಕು. ಭೂನ್ಯಾಯ ಮಂಡಳಿಯಲ್ಲಿ ನಮೂನೆ 7 ಬಾಕಿ ಇರುವ ಗೇಣಿದಾರರಿಗೂ ಇದೇ ಮಾತು. ಪರಿಶಿಷ್ಟರಿಗೆ ಮಂಜೂರಾದ ಭೂಮಿ ಅನುಮತಿಯಿಲ್ಲದೆ ಪರಭಾರೆ ಆಗಿದ್ದರೆ ಅಂಥ ಪರಭಾರೆಯನ್ನು ನಿಷೇಧಿಸುವ 1978ರ ಪಿಟಿಸಿಎಲ್ ಕಾಯ್ದೆಯ ತಕರಾರು ಎದ್ದು ಪರಿಹಾರದ ಹಣ ನಿಲ್ಲುತ್ತದೆ. ಮೂಲ ಮಂಜೂರುದಾರರ ಮಕ್ಕಳು ಈ ಹಂತದಲ್ಲೇ ದಾಖಲೆ ಸಮೇತ ಹಕ್ಕು ಹೇಳಿಕೊಳ್ಳುವುದು ಒಳ್ಳೆಯದು.

ಆಕ್ಷೇಪಣೆ ಬರೆಯುವುದು

ಊರಿನವರೆಲ್ಲ ಸೇರಿ ಒಂದೇ ಮನವಿಗೆ ನೂರು ಸಹಿ ಹಾಕಿ ಕೊಡುವುದು ಹೋರಾಟಕ್ಕೆ ಸರಿ, ಕಾನೂನಿಗೆ ಸಾಲದು. ಪ್ರತಿ ಸರ್ವೆ ನಂಬರಿಗೂ, ಪ್ರತಿ ಖಾತೆದಾರರಿಗೂ ಪ್ರತ್ಯೇಕ ಆಕ್ಷೇಪಣೆ ಇರಬೇಕು. ಗ್ರಾಮಸಭೆಯ ನಿರ್ಣಯ ಇದ್ದರೆ ಅದರ ಪ್ರತಿಯನ್ನು ಲಗತ್ತಿಸಿ. ಈ ಕಾಯ್ದೆಯಲ್ಲಿ ಅದಕ್ಕೆ ತಡೆಯುವ ಅಧಿಕಾರ ಇಲ್ಲದಿದ್ದರೂ ಸಾಕ್ಷ್ಯವಾಗಿ ಉಳಿಯುತ್ತದೆ.

ಒಳಗೆ ಏನಿರಬೇಕು? ‘ಇದು ನಮ್ಮ ತಾಯಿ, ಕೊಡುವುದಿಲ್ಲ’ ಎಂಬ ಮಾತು ನಿಜ. ಅದನ್ನು ಒಂದು ಸಾಲಿನಲ್ಲಿ ಹೇಳಿ ಮುಂದಕ್ಕೆ ಹೋಗಿ. ಅಧಿಕಾರಿ ಉತ್ತರ ಕೊಡಲೇಬೇಕಾದ ಸಂಗತಿಗಳನ್ನು ಬರೆಯಿರಿ:

- ಜಮೀನಿನ ವಾಸ್ತವ: ಎಷ್ಟು ಕೊಳವೆಬಾವಿ, ಎಷ್ಟು ಅಡಿ, ಎಷ್ಟು ತೆಂಗು, ಮಾವು, ಅಡಿಕೆ, ಹಿಪ್ಪುನೇರಳೆ, ದ್ರಾಕ್ಷಿ, ವರ್ಷಕ್ಕೆ ಎಷ್ಟು ಬೆಳೆ, ಡೈರಿಗೆ ಹಾಲು ಹಾಕಿದ ಪುಸ್ತಕ, ರೇಷ್ಮೆಗೂಡು ಮಾರಿದ ಚೀಟಿ, ಪಂಪ್‌ಸೆಟ್ ವಿದ್ಯುತ್ ಸಂಪರ್ಕದ ದಾಖಲೆ.
- ಕುಟುಂಬದ ಅವಲಂಬನೆ: ಇರುವುದು ಇದೊಂದೇ ಜಮೀನೇ, ಮನೆ ಇದರೊಳಗಿದೆಯೇ, ಸಣ್ಣ ಹಿಡುವಳಿದಾರರ ಪ್ರಮಾಣಪತ್ರ.
- ಉದ್ದೇಶದ ಬಗ್ಗೆ ಪ್ರಶ್ನೆ: ಯಾವ ಯೋಜನೆ, ಎಷ್ಟು ಎಕರೆ ಬೇಕೆಂದು ಯಾರು ಲೆಕ್ಕ ಹಾಕಿದರು, ಅದೇ ತಾಲ್ಲೂಕಿನ ಹಳೆಯ ಕೈಗಾರಿಕಾ ಪ್ರದೇಶದಲ್ಲಿ ಖಾಲಿ ಬಿದ್ದ ನಿವೇಶನಗಳು ಎಷ್ಟು.
- ತಾರತಮ್ಯ: ಪಕ್ಕದ ಯಾವ ಸರ್ವೆ ನಂಬರನ್ನು ಬಿಟ್ಟಿದ್ದಾರೆ, ಯಾವ ಕಾರಣಕ್ಕೆ.
- ನಕ್ಷೆಯ ಅಡ್ಡಿ: ಮಹಾ ಯೋಜನೆಯಲ್ಲಿ ಹಸಿರು ವಲಯವೇ, ಕೆರೆ, ರಾಜಕಾಲುವೆ, ಸ್ಮಶಾನ, ದೇವಸ್ಥಾನ, ಶಾಲೆ ಇವೆಯೇ.
- ಬದಲಿ ಪ್ರಾರ್ಥನೆ: ಪೂರ್ತಿ ಕೈಬಿಡಲು ಆಗದಿದ್ದರೆ ಮನೆ, ತೋಟ, ಬಾವಿ ಇರುವ ಇಷ್ಟು ಗುಂಟೆಯನ್ನಾದರೂ ಕೈಬಿಡಿ ಎಂದು ನಕ್ಷೆಯಲ್ಲಿ ಗುರುತಿಸಿ ಕೇಳುವುದು.

ಕೊನೆಯದನ್ನು ಬರೆಯಲು ಬಹಳ ಜನ ಹಿಂಜರಿಯುತ್ತಾರೆ. ಭಾಗಶಃ ಕೇಳಿದರೆ ಉಳಿದದ್ದಕ್ಕೆ ಒಪ್ಪಿದಂತಾಗುತ್ತದೆ ಎಂಬ ಭಯ. ಅದಕ್ಕೆ ಹೀಗೆ ಬರೆಯಿರಿ: ‘ಸದರಿ ಸ್ವಾಧೀನವನ್ನು ಪೂರ್ಣವಾಗಿ ವಿರೋಧಿಸುತ್ತೇನೆ. ಈ ವಿರೋಧಕ್ಕೆ ಬಾಧಕವಿಲ್ಲದಂತೆ, ಪರ್ಯಾಯವಾಗಿ, ಲಗತ್ತಿಸಿದ ನಕ್ಷೆಯಲ್ಲಿ ಗುರುತಿಸಿದ ಭಾಗವನ್ನು ಕೈಬಿಡಲು ಕೋರುತ್ತೇನೆ.’ ಈ ‘ಬಾಧಕವಿಲ್ಲದಂತೆ’ ಎಂಬ ಪದ ನಿಮ್ಮನ್ನು ಕಾಯುತ್ತದೆ.

ಇನ್ನೊಂದು ಸಾಲು ತಪ್ಪದೆ ಸೇರಿಸಿ: ‘ಮಾಹಿತಿ ಹಕ್ಕಿನಡಿ ಕೋರಿದ ದಾಖಲೆಗಳು ದೊರೆತ ನಂತರ ಹೆಚ್ಚುವರಿ ಆಕ್ಷೇಪಣೆ ಸಲ್ಲಿಸುವ ಹಕ್ಕನ್ನು ಕಾಯ್ದಿರಿಸಿಕೊಂಡಿದ್ದೇನೆ.’ ಏಕೆಂದರೆ ಮಾಹಿತಿ ಹಕ್ಕು ಅರ್ಜಿಗೆ ಉತ್ತರ ಕೊಡಲು ಅವರಿಗೆ 30 ದಿನ ಇದೆ, ನಿಮ್ಮ ಗಡುವೂ 30 ದಿನವೇ. ಆದ್ದರಿಂದ ಆ ಅರ್ಜಿ ಮೊದಲ ಮೂರು ದಿನದಲ್ಲೇ ಹೋಗಬೇಕು. ಶುಲ್ಕ 10 ರೂಪಾಯಿ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, ಸಾಮಾನ್ಯವಾಗಿ 150 ಪದ ಮೀರಬಾರದು. ಎಲ್ಲವನ್ನೂ ಒಂದೇ ಅರ್ಜಿಗೆ ತುಂಬಿದರೆ ಆ ನೆಪದಲ್ಲೇ ತಿರಸ್ಕರಿಸುತ್ತಾರೆ. ಯೋಜನೆಯ ಪ್ರಸ್ತಾವ ಮತ್ತು ಮಂಡಳಿಯ ನಿರ್ಣಯಕ್ಕೆ ಒಂದು ಅರ್ಜಿ, ಹಳೆಯ ಕೈಗಾರಿಕಾ ಪ್ರದೇಶಗಳ ಹಂಚಿಕೆಯಾಗದ ನಿವೇಶನಗಳ ಪಟ್ಟಿಗೆ ಇನ್ನೊಂದು, ನೋಟಿಸ್ ಜಾರಿಯ ವಹಿಗೆ ಮತ್ತೊಂದು.

ಆಕ್ಷೇಪಣೆಯನ್ನು ಎರಡು ಪ್ರತಿ ಮಾಡಿ, ನೋಟಿಸಿನಲ್ಲಿ ಹೇಳಿದ ಕಚೇರಿಗೇ ಖುದ್ದು ಕೊಟ್ಟು, ನಿಮ್ಮ ಪ್ರತಿಯ ಮೇಲೆ ದಿನಾಂಕದ ಮೊಹರು ಮತ್ತು ಸಹಿ ಪಡೆಯಿರಿ. ‘ಆಮೇಲೆ ಹಾಕಿಕೊಡುತ್ತೇವೆ’ ಎಂದರೆ ಒಪ್ಪಬೇಡಿ, ಅಂದೇ ಸ್ಪೀಡ್ ಪೋಸ್ಟ್ ಮಾಡಿ ತಲುಪಿದ ದಾಖಲೆ ಇಟ್ಟುಕೊಳ್ಳಿ. ಆ ಮೊಹರಿಲ್ಲದ ಆಕ್ಷೇಪಣೆ ಮುಂದೆ ಇಲ್ಲದ ಆಕ್ಷೇಪಣೆಯೇ ಆಗಿಬಿಡುತ್ತದೆ.

ವಿಚಾರಣೆಯ ದಿನ

ವಿಚಾರಣೆ ಬಹುತೇಕ ಕಡೆ ಅವಸರದ್ದು. ಒಂದೇ ದಿನ ಹತ್ತಾರು ಜನರನ್ನು ಕರೆದಿರುತ್ತಾರೆ, ಹಾಜರಾತಿ ಹಾಳೆಗೆ ಸಹಿ ಹಾಕಿಸಿ ಕಳಿಸುತ್ತಾರೆ. ನೀವು ಮಾತಾಡಿದ್ದು ಕಡತದಲ್ಲಿ ಉಳಿಯಬೇಕಾದರೆ ಒಂದೂವರೆ ಪುಟದ ಲಿಖಿತ ಹೇಳಿಕೆ ತೆಗೆದುಕೊಂಡು ಹೋಗಿ ಅಲ್ಲೇ ಸಲ್ಲಿಸಿ. ಖಾಲಿ ಹಾಳೆಗೆ, ಮೇಲೆ ಏನು ಬರೆದಿದೆ ಎಂದು ಓದದ ಹಾಳೆಗೆ ಸಹಿ ಬೇಡ. ‘ಹಾಜರಾತಿ’ ಎಂದು ಪಡೆದ ಸಹಿ ‘ಸಮ್ಮತಿ’ಯ ಹಾಳೆಯ ಕೆಳಗೆ ಕಾಣಿಸಿಕೊಂಡರೆ ಆಮೇಲೆ ಬಿಡಿಸಿಕೊಳ್ಳುವುದು ಬಹಳ ಕಷ್ಟ. ಸಹಿಯ ಪಕ್ಕ ‘ಹಾಜರಾತಿಗೆ ಮಾತ್ರ, ಆಕ್ಷೇಪಣೆಗೆ ಬದ್ಧ’ ಎಂದು ಬರೆಯುವುದು ಒಳ್ಳೆಯ ಅಭ್ಯಾಸ. ಸ್ಥಳ ಪರಿಶೀಲನೆ ಮಾಡಿ ಎಂದು ಲಿಖಿತವಾಗಿ ಕೇಳಿ.

ನಂತರ 28(3)ರ ಆದೇಶದ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ. ನಿಮ್ಮ ಪ್ರತಿ ಅಂಶಕ್ಕೂ ಕಾರಣ ಸಹಿತ ಉತ್ತರ ಇದೆಯೇ, ಅಥವಾ ಎಲ್ಲರಿಗೂ ಅದೇ ಎರಡು ಸಾಲು ಅಚ್ಚು ಹಾಕಿದ್ದಾರೆಯೇ ನೋಡಿ. ಸುಪ್ರೀಂ ಕೋರ್ಟ್ 2024ರ ಮೇ 16ರಂದು, ಕೋಲ್ಕತ್ತ ಮಹಾನಗರಪಾಲಿಕೆಯ ಪ್ರಕರಣದಲ್ಲಿ, ಸಂವಿಧಾನದ 300-ಎ ವಿಧಿಯೊಳಗೆ ಏಳು ಹಕ್ಕುಗಳು ಅಡಗಿವೆ ಎಂದು ಬಿಡಿಸಿ ಹೇಳಿತು: ನೋಟಿಸ್ ಪಡೆಯುವ ಹಕ್ಕು, ಆಲಿಸಲ್ಪಡುವ ಹಕ್ಕು, ಕಾರಣ ಸಹಿತ ತೀರ್ಮಾನದ ಹಕ್ಕು, ಸಾರ್ವಜನಿಕ ಉದ್ದೇಶಕ್ಕೆ ಮಾತ್ರ ಸ್ವಾಧೀನ, ನ್ಯಾಯಯುತ ಪರಿಹಾರ, ಕಾಲಮಿತಿಯಲ್ಲಿ ದಕ್ಷವಾಗಿ ಪ್ರಕ್ರಿಯೆ ನಡೆಸುವುದು, ಕೊನೆಗೆ ಪ್ರಕ್ರಿಯೆ ಮುಗಿಸಿಕೊಡುವುದು. ಆಸ್ತಿಯ ಹಕ್ಕು 1978ರ 44ನೇ ತಿದ್ದುಪಡಿಯಿಂದ ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಬಂದಿದ್ದರೂ ಸಂವಿಧಾನದ ಹಕ್ಕಾಗಿಯೇ ಉಳಿದಿದೆ. ಕಾರಣವಿಲ್ಲದ 28(3)ರ ಆದೇಶ ಕೈಯಲ್ಲಿದ್ದರೆ ನಿಮ್ಮ ರಿಟ್ ಅರ್ಜಿಗೆ ಅದೇ ಬೆನ್ನೆಲುಬು.

ಅಂತಿಮ ಅಧಿಸೂಚನೆ ಬಂದ ಮೇಲೆ

ತಡ ಮಾಡಿದಷ್ಟೂ ಹೈಕೋರ್ಟಿನಲ್ಲಿ ನಿಮ್ಮ ಸ್ಥಾನ ಸಡಿಲವಾಗುತ್ತದೆ. ಸ್ವಾಧೀನದ ಮಹಜರು ಆಗಿ, ರಸ್ತೆ ಬಿದ್ದು, ನಿವೇಶನ ಹಂಚಿಕೆ ಆದ ಮೇಲೆ ಹೋದರೆ ‘ಇಷ್ಟು ದಿನ ಎಲ್ಲಿದ್ದಿರಿ’ ಎಂಬ ಪ್ರಶ್ನೆಗೆ ಉತ್ತರ ಹುಡುಕಬೇಕಾಗುತ್ತದೆ. 28(4) ಪ್ರಕಟವಾದ ಕೆಲವೇ ವಾರದಲ್ಲಿ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ, ನಿಮ್ಮ ಜಿಲ್ಲೆ ಯಾವುದಕ್ಕೆ ಸೇರುತ್ತದೋ ಅಲ್ಲಿ, ರಿಟ್ ಹೋಗಬೇಕು. ಜೊತೆಗೆ ಯಥಾಸ್ಥಿತಿಯ ಮಧ್ಯಂತರ ಆದೇಶ ಕೇಳಬೇಕು. ಎರಡೂ ಅಧಿಸೂಚನೆಗಳು, ನೋಟಿಸ್, ಮೊಹರಿರುವ ಆಕ್ಷೇಪಣೆ, 28(3)ರ ಆದೇಶ, ಇತ್ತೀಚಿನ ಪಹಣಿ, ದಿನಾಂಕ ಮತ್ತು ಸ್ಥಳ ಮುದ್ರಿತವಾದ ಛಾಯಾಚಿತ್ರಗಳು, ಇಷ್ಟಿದ್ದರೆ ವಕೀಲರ ಕೆಲಸ ಅರ್ಧ ಆದಂತೆ. ಹೆಣ್ಣುಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಸಿಗುತ್ತದೆ. ತಾಲ್ಲೂಕು ಕೋರ್ಟಿನ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿ.

28(1) ಆಗಿ ವರ್ಷಗಟ್ಟಲೆ ಏನೂ ನಡೆಯದೆ ಜಮೀನು ತೂಗುಯ್ಯಾಲೆಯಲ್ಲಿದ್ದರೆ, ಆ ವಿಳಂಬವನ್ನೇ ಪ್ರಶ್ನಿಸಿ ರಿಟ್ ಹಾಕಲು ಅವಕಾಶವಿದೆ. ಮೇಲೆ ಹೇಳಿದ ಕಾಲಮಿತಿಯ ಹಕ್ಕು ಅಲ್ಲಿ ಕೆಲಸಕ್ಕೆ ಬರುತ್ತದೆ.

ಜಂಟಿ ಅಳತೆ: ಇಲ್ಲಿ ಹೋದ ಹಣ ಮತ್ತೆ ಬರದು

ಸರ್ವೆಯವರು, ಕಂದಾಯ ಇಲಾಖೆಯವರು ಮತ್ತು ಮಂಡಳಿಯವರು ಸೇರಿ ಅಳತೆ ಮಾಡಿ ಜಮೀನಿನ ಮೇಲಿರುವುದನ್ನು ಪಟ್ಟಿ ಮಾಡುತ್ತಾರೆ. ಸ್ವಾಧೀನವನ್ನು ವಿರೋಧಿಸುವವರು ಕೋಪದಲ್ಲಿ ಆ ದಿನ ಗೈರಾಗುತ್ತಾರೆ. ಅದು ತಪ್ಪು. ವಿರೋಧ ಇಟ್ಟುಕೊಂಡೇ ಹಾಜರಿರಿ. ಮರ ಒಂದೊಂದನ್ನೂ ಎಣಿಸಿ, ಜಾತಿ, ವಯಸ್ಸು, ಸುತ್ತಳತೆ ಬರೆಸಿ. ಕೊಳವೆಬಾವಿ, ಪೈಪ್‌ಲೈನ್, ಹನಿ ನೀರಾವರಿ, ಕೃಷಿ ಹೊಂಡ, ತಂತಿಬೇಲಿ, ದನದ ಕೊಟ್ಟಿಗೆ, ರೇಷ್ಮೆ ಮನೆ ಯಾವುದೂ ಬಿಡಬಾರದು. ಹಣ್ಣಿನ ಮರಗಳಿಗೆ ತೋಟಗಾರಿಕೆ ಇಲಾಖೆ, ಮರಮಟ್ಟಿಗೆ ಅರಣ್ಯ ಇಲಾಖೆ, ಕಟ್ಟಡಕ್ಕೆ ಲೋಕೋಪಯೋಗಿ ಇಲಾಖೆ ಬೆಲೆ ಕಟ್ಟುತ್ತವೆ. ಪಟ್ಟಿಯ ಪ್ರತಿ ಅಲ್ಲೇ ಕೇಳಿ, ಬಿಟ್ಟದ್ದಿದ್ದರೆ ಮಹಜರಿನಲ್ಲೇ ತಕರಾರು ಬರೆದು ಸಹಿ ಮಾಡಿ. ಒಂದು ಎಚ್ಚರ: ತೋಟದ ಇಳುವರಿ ಲೆಕ್ಕದಲ್ಲಿ ಬೆಲೆ ಕಟ್ಟಿದರೆ ಅದೇ ನೆಲಕ್ಕೆ ಮತ್ತೆ ಬೇರೆಯಾಗಿ ಪೂರ್ತಿ ಬೆಲೆ ಕೊಡುವುದನ್ನು ಕೋರ್ಟುಗಳು ಒಪ್ಪುವುದಿಲ್ಲ. ಯಾವ ಲೆಕ್ಕ ಲಾಭವೋ ಅದನ್ನು ಮೊದಲೇ ನಿರ್ಧರಿಸಿ ವಾದಿಸಬೇಕು.

ಬೆಲೆ: 29(2)ಕ್ಕೆ ಸಹಿ ಹಾಕುವ ಮೊದಲು

ಪರಿಹಾರಕ್ಕೆ ಎರಡು ದಾರಿ. ಕಲಂ 29(2)ರಡಿ ಒಪ್ಪಂದ: ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯಲ್ಲಿ ದರ ನಿರ್ಧಾರದ ಸಭೆ ನಡೆದು ಎಕರೆಗೆ ಇಷ್ಟು ಎಂದು ಗೊತ್ತಾಗುತ್ತದೆ, ಒಪ್ಪಿದವರು ಕರಾರಿಗೆ ಸಹಿ ಹಾಕಿ ಹಣ ಪಡೆಯುತ್ತಾರೆ. ಒಪ್ಪದವರಿಗೆ ಕಲಂ 29(3): ಜಿಲ್ಲಾಧಿಕಾರಿಗೆ ಪ್ರಕರಣ ಹೋಗಿ ಸಾಮಾನ್ಯ ಐತೀರ್ಪು ಆಗುತ್ತದೆ.

ಒಪ್ಪಂದದಲ್ಲಿ ಹಣ ಬೇಗ ಬರುತ್ತದೆ, ಸಾಮಾನ್ಯವಾಗಿ ಆರಂಭದ ದರವೂ ಹೆಚ್ಚಿರುತ್ತದೆ. ಆದರೆ ಸಹಿ ಹಾಕಿದ ಮೇಲೆ ಬೆಲೆ ಸಾಲದೆಂದು ಕೋರ್ಟಿಗೆ ಹೋಗುವ ಬಾಗಿಲು ಮುಚ್ಚುತ್ತದೆ. ‘ಈಗ ಸಹಿ ಹಾಕಿ, ಆಮೇಲೆ ಕೇಸು ಹಾಕಿಕೊಳ್ಳಿ’ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಹಣದ ಬದಲು ಅಭಿವೃದ್ಧಿಪಡಿಸಿದ ನಿವೇಶನ ಆಯ್ದುಕೊಳ್ಳುವಂತಿದ್ದರೆ ಎಕರೆಗೆ ಎಷ್ಟು ಚದರ ಅಡಿ, ಯಾವ ಜಾಗದಲ್ಲಿ, ಎಂದು ಕೊಡುತ್ತಾರೆ, ಯಾವ ಬಳಕೆಗೆ, ಕ್ರಯವೋ ಗುತ್ತಿಗೆಯೋ ಎಂಬುದೆಲ್ಲ ಕರಾರಿನಲ್ಲಿ ಬರೆದಿರಬೇಕು. ಬಾಯಿಮಾತಿಗೆ ನೆಲ ಸಿಗುವುದಿಲ್ಲ.

ಸಭೆಗೆ ಹೋಗುವ ಮೊದಲು ನಿಮ್ಮದೇ ಲೆಕ್ಕ ಇಟ್ಟುಕೊಳ್ಳಿ. ಪ್ರಾಥಮಿಕ ಅಧಿಸೂಚನೆಗೆ ಹಿಂದಿನ ಮೂರು ವರ್ಷಗಳಲ್ಲಿ ನಿಮ್ಮ ಊರು ಮತ್ತು ಅಕ್ಕಪಕ್ಕದ ಊರುಗಳಲ್ಲಿ ನೋಂದಣಿಯಾದ ಕ್ರಯಪತ್ರಗಳ ದೃಢೀಕೃತ ಪ್ರತಿಗಳನ್ನು ಉಪನೋಂದಣಿ ಕಚೇರಿಯಿಂದ ತೆಗೆಸಿ, ಜೊತೆಗೆ ಆಯಾ ವರ್ಷದ ಮಾರ್ಗಸೂಚಿ ದರ. 2013ರ ಕಾಯ್ದೆಯಲ್ಲಿ ಮಾರ್ಗಸೂಚಿ ದರ, ಅಂಥ ಕ್ರಯಪತ್ರಗಳ ಪೈಕಿ ಹೆಚ್ಚು ಬೆಲೆಯ ಅರ್ಧದಷ್ಟರ ಸರಾಸರಿ, ಒಪ್ಪಂದದ ಮೊತ್ತ ಇವುಗಳಲ್ಲಿ ಯಾವುದು ಹೆಚ್ಚೋ ಅದೇ ಮಾರುಕಟ್ಟೆ ಬೆಲೆ. ಗ್ರಾಮೀಣ ಪ್ರದೇಶಕ್ಕೆ ಅದನ್ನು 1ರಿಂದ 2ರವರೆಗಿನ ಗುಣಕದಿಂದ ಗುಣಿಸಿ, ಅದರಷ್ಟೇ ಮೊತ್ತವನ್ನು, ಅಂದರೆ ಶೇ 100, ಸಾಂತ್ವನ ಧನವಾಗಿ ಸೇರಿಸಬೇಕು. ಜೊತೆಗೆ ಮಾರುಕಟ್ಟೆ ಬೆಲೆಯ ಮೇಲೆ ವರ್ಷಕ್ಕೆ ಶೇ 12.

ಲೆಕ್ಕ ಹಾಕಿ ನೋಡೋಣ. ಎಕರೆಗೆ 30 ಲಕ್ಷ ಬೆಲೆ, ಗುಣಕ 1.5, ಅಧಿಸೂಚನೆಯಿಂದ ಐತೀರ್ಪಿಗೆ ಎರಡು ವರ್ಷದ ಅಂತರ ಎಂದಿಟ್ಟುಕೊಳ್ಳಿ. 30ನ್ನು 1.5ರಿಂದ ಗುಣಿಸಿದರೆ 45 ಲಕ್ಷ, ಸಾಂತ್ವನ ಧನ 45 ಲಕ್ಷ, ಶೇ 12ರಂತೆ ಎರಡು ವರ್ಷಕ್ಕೆ 7.2 ಲಕ್ಷ. ಒಟ್ಟು 97.2 ಲಕ್ಷ. ಅದೇ ಜಮೀನಿಗೆ 1894ರ ಕಾಯ್ದೆಯ ಲೆಕ್ಕ ಹಾಕಿದರೆ ಗುಣಕ ಇಲ್ಲ, ಸಾಂತ್ವನ ಧನ ಶೇ 30 ಮಾತ್ರ: 30, 9, 7.2 ಸೇರಿ 46.2 ಲಕ್ಷ. ಅರ್ಧಕ್ಕಿಂತ ಕಡಿಮೆ. 1966ರ ಕಾಯ್ದೆಯ 30ನೇ ಕಲಂ ಐತೀರ್ಪು, ಕೋರ್ಟ್ ಉಲ್ಲೇಖ, ಹಣ ಹಂಚಿಕೆಗೆ 1894ರ ಕಾಯ್ದೆಯತ್ತಲೇ ಬೊಟ್ಟು ಮಾಡುವುದರಿಂದ ಈ ವ್ಯತ್ಯಾಸ ಬರೀ ಪುಸ್ತಕದ ಮಾತಲ್ಲ. ದರ ಸಭೆಯಲ್ಲಿ 2013ರ ಲೆಕ್ಕವನ್ನು ಬರಹದಲ್ಲಿ ಕೊಟ್ಟು, ಅದಕ್ಕಿಂತ ಕಡಿಮೆಗೆ ಸಹಿ ಇಲ್ಲ ಎಂದು ನಿಲ್ಲುವ ಊರಿಗೆ ಒಳ್ಳೆಯ ದರ ಸಿಗುವ ಸಾಧ್ಯತೆ ಹೆಚ್ಚು. ಒಬ್ಬೊಬ್ಬರಾಗಿ ಹೋದವರಿಗೆ ಅದು ಕಷ್ಟ. ಸಭೆಯ ನಡಾವಳಿಯ ಪ್ರತಿಯನ್ನೂ ಪಡೆದುಕೊಳ್ಳಿ.

ಹಣ ತಡವಾದರೆ ಬೆಲೆಯ ದಿನಾಂಕವೇ ಬದಲಾಗಬಹುದು ಎಂಬುದಕ್ಕೆ ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಯ ಪ್ರಕರಣವಿದೆ. 2003ರ ಅಧಿಸೂಚನೆ, 2005ರಲ್ಲಿ ಸ್ವಾಧೀನ, ಐತೀರ್ಪು ಮಾತ್ರ 2019ರ ಏಪ್ರಿಲ್ 22ರಂದು. ಸುಪ್ರೀಂ ಕೋರ್ಟ್ 2025ರ ಜನವರಿ 2ರಂದು, ತನ್ನ 142ನೇ ವಿಧಿಯ ವಿಶೇಷಾಧಿಕಾರ ಬಳಸಿ, 2019ರ ಆ ದಿನದ ಮಾರುಕಟ್ಟೆ ಬೆಲೆಯಲ್ಲೇ ಪರಿಹಾರ ಲೆಕ್ಕ ಹಾಕಿ ಎಂದಿತು. ವಿಶೇಷಾಧಿಕಾರದ ಆದೇಶವಾದ್ದರಿಂದ ಎಲ್ಲರಿಗೂ ತಾನಾಗಿ ಅನ್ವಯಿಸದು, ಆದರೆ ಹಣಕ್ಕಾಗಿ ವರ್ಷಗಟ್ಟಲೆ ಕಾದವರ ವಕೀಲರು ಅದನ್ನು ಖಂಡಿತ ಓದಬೇಕು.

ಹಣ ಪಡೆಯುವಾಗ

ಸಾಮಾನ್ಯ ಐತೀರ್ಪಿನ ಹಣವನ್ನು ‘ಪ್ರತಿಭಟನೆಯೊಂದಿಗೆ ಸ್ವೀಕರಿಸಿದ್ದೇನೆ’ ಎಂದು ರಸೀದಿಯ ಮೇಲೆ ಬರೆದೇ ತೆಗೆದುಕೊಳ್ಳಿ. ಆ ಸಾಲು ಇಲ್ಲದಿದ್ದರೆ ಐತೀರ್ಪು ಒಪ್ಪಿದಂತೆ ಎನ್ನುತ್ತಾರೆ.

ಹೆಚ್ಚು ಕಡತಗಳು ನಿಲ್ಲುವುದು ಮನೆಯೊಳಗಿನ ತಕರಾರಿನಿಂದ. ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಗಂಡುಮಕ್ಕಳಷ್ಟೇ ಪಾಲು ಇದೆ ಎಂದು ಸುಪ್ರೀಂ ಕೋರ್ಟ್ 2020ರ ಆಗಸ್ಟ್ 11ರಂದು ಸ್ಪಷ್ಟಪಡಿಸಿದೆ. ಅಕ್ಕತಂಗಿಯರನ್ನು ವಂಶವೃಕ್ಷದಿಂದ ಬಿಟ್ಟು ಅರ್ಜಿ ಹಾಕಿದರೆ ಅವರು ದಾವೆ ಹೂಡುತ್ತಾರೆ, ಹಣ ಕೋರ್ಟಿನಲ್ಲಿ ಠೇವಣಿಯಾಗುತ್ತದೆ, ಹತ್ತು ವರ್ಷ ಅಲ್ಲೇ ಇರುತ್ತದೆ. ಮೊದಲೇ ಎಲ್ಲರೂ ಕೂತು ಪಾಲು ಬರೆದು, ಪ್ರತಿಯೊಬ್ಬರ ಬ್ಯಾಂಕ್ ಖಾತೆ, ಆಧಾರ್, ಪ್ಯಾನ್ ಕೊಟ್ಟು, ಅವರವರ ಪಾಲು ಅವರವರ ಖಾತೆಗೇ ಹೋಗುವಂತೆ ಮಾಡಿ. ಮಧ್ಯವರ್ತಿಯ ಖಾತೆಗೆ, ಜಿಪಿಎದಾರರ ಖಾತೆಗೆ ಬೇಡವೇ ಬೇಡ.

ಕೃಷಿ ಭೂಮಿಯ ಪರಿಹಾರದಲ್ಲಿ ಮೂಲದಲ್ಲೇ ತೆರಿಗೆ ಮುರಿದುಕೊಳ್ಳುವಂತಿಲ್ಲ. ಮುರಿದಿದ್ದರೆ ಲಿಖಿತವಾಗಿ ಕಾರಣ ಕೇಳಿ. ವಿಳಂಬಕ್ಕೆ ಬರುವ ಬಡ್ಡಿಯ ಮಾತು ಬೇರೆ, ಅದು ತೆರಿಗೆಗೆ ಒಳಪಡುತ್ತದೆ.

ಪರಿಹಾರ ಸಾಲದಿದ್ದರೆ

ಐತೀರ್ಪಿನ ನೋಟಿಸ್ ತಲುಪಿದ ಮೇಲೆ, ಪ್ರಕರಣವನ್ನು ಕೋರ್ಟಿಗೆ ಉಲ್ಲೇಖಿಸಿ ಎಂದು ಲಿಖಿತ ಅರ್ಜಿ ಕೊಡಬೇಕು. 1894ರ ಕಾಯ್ದೆಯ 18ನೇ ಕಲಮಿಗೆ ಕರ್ನಾಟಕದ ತಿದ್ದುಪಡಿಯಲ್ಲಿ 90 ದಿನವಿದೆ, 2013ರ ಕಾಯ್ದೆಯಲ್ಲಿ ಆರು ವಾರ. ಯಾವುದು ಅನ್ವಯ ಎಂಬ ವಾದ ವಕೀಲರು ಮಾಡಿಕೊಳ್ಳಲಿ, ನೀವು ಆರು ವಾರದೊಳಗೇ ಅರ್ಜಿ ಕೊಟ್ಟು ಮೊಹರು ಪಡೆಯಿರಿ. ಅರ್ಜಿಯಲ್ಲಿ ನೀವು ಕೇಳುವ ದರ, ಅದಕ್ಕೆ ಆಧಾರವಾದ ಕ್ರಯಪತ್ರಗಳು, ಪಟ್ಟಿಯಲ್ಲಿ ಬಿಟ್ಟುಹೋದ ಮರ ಮತ್ತು ಕಟ್ಟಡಗಳು ಇರಲಿ. ಕರ್ನಾಟಕದ ತಿದ್ದುಪಡಿಯಂತೆ ಅಧಿಕಾರಿ 90 ದಿನದಲ್ಲಿ ಉಲ್ಲೇಖ ಮಾಡದಿದ್ದರೆ ನೀವೇ ಕೋರ್ಟಿಗೆ ಹೋಗಿ ಹಾಗೆ ಮಾಡಲು ನಿರ್ದೇಶಿಸಿ ಎಂದು ಕೇಳಬಹುದು. ಕೋರ್ಟ್ ಹೆಚ್ಚಿಸಿದ ಮೊತ್ತಕ್ಕೆ ಸ್ವಾಧೀನದ ದಿನದಿಂದ ಮೊದಲ ವರ್ಷ ಶೇ 9, ನಂತರ ಶೇ 15 ಬಡ್ಡಿ ಸೇರುತ್ತದೆ. ಸ್ವಾಧೀನದ ಮಹಜರಿನ ದಿನಾಂಕ ಸರಿಯಾಗಿರಬೇಕು ಎನ್ನುವುದು ಅದಕ್ಕೇ.

ಅರ್ಜಿ ಹಾಕದೆ ಉಳಿದವರಿಗೂ ಒಂದು ಅವಕಾಶವಿದೆ. ಅದೇ ಅಧಿಸೂಚನೆಯಡಿ ಜಮೀನು ಕಳೆದುಕೊಂಡ ನೆರೆಯವರಿಗೆ ಕೋರ್ಟ್ ದರ ಹೆಚ್ಚಿಸಿದರೆ, ಆ ತೀರ್ಪಿನ ದಿನದಿಂದ ಮೂರು ತಿಂಗಳೊಳಗೆ 1894ರ ಕಾಯ್ದೆಯ 28-ಎ ಕಲಮಿನಡಿ, ನಮಗೂ ಅದೇ ದರ ಕೊಡಿ ಎಂದು ಅರ್ಜಿ ಹಾಕಬಹುದು. ತೀರ್ಪಿನ ದೃಢೀಕೃತ ಪ್ರತಿ ಪಡೆಯಲು ಹಿಡಿದ ದಿನಗಳು ಈ ಮೂರು ತಿಂಗಳಲ್ಲಿ ಸೇರುವುದಿಲ್ಲ. 29(2)ರ ಕರಾರಿಗೆ ಸಹಿ ಹಾಕಿದವರು ಇದರ ಮೇಲೆ ಭರವಸೆ ಇಡಬಾರದು. ಉಳಿದವರು, ಊರಿನಲ್ಲಿ ಯಾರ ಕೇಸು ಯಾವ ಕೋರ್ಟಿನಲ್ಲಿದೆ, ಮುಂದಿನ ದಿನಾಂಕ ಯಾವಾಗ ಎಂಬುದನ್ನು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಂಡು ತಿಂಗಳಿಗೊಮ್ಮೆ ವಿಚಾರಿಸುತ್ತಿರಬೇಕು.